ಬಾತ್‌ರೂಮಿಗೆ ಐದು ಸ್ಟಾರ್, ಊಟಕ್ಕೆ ಎರಡು

ಆಸ್ಪತ್ರೆ ಹೆಸರು ಹೇಳಲ್ಲ, ಮೊದಲೇ ಹೇಳ್ಬಿಟ್ಟಿದೀನಿ. ಬೆಂಗಳೂರಲ್ಲಿರೋ ಒಂದು ದೊಡ್ಡ ಆಸ್ಪತ್ರೆ, ಅಷ್ಟು ಸಾಕು. ಥೈರಾಯ್ಡ್ ಕ್ಯಾನ್ಸರ್ ಆಪರೇಷನ್ ಆದ್ಮೇಲೆ ರೇಡಿಯೋ ಅಯೋಡಿನ್, ಅಂದ್ರೆ ವಿಕಿರಣ ಸೂಸೋ ಅಯೋಡಿನ್ ಕುಡಿಸಿ ಮೂರು ದಿನ ಒಂಟಿ ರೂಮಲ್ಲಿ ಕೂಡಾಕ್ತಾರಲ್ಲ, ಆ ಸರ್ವಿಸ್ ಬಗ್ಗೆ ಈ ರಿವ್ಯೂ. ಹೋಗೋಕ್ ಮುಂಚೆ ನಾನೂ ಎಲ್ಲರ ತರ ರಿವ್ಯೂ ಹುಡುಕಿದ್ದೆ, ಸಿಕ್ಕಿದ್ದೆಲ್ಲ ಪಾರ್ಕಿಂಗ್ ಸರಿಯಿಲ್ಲ, ಬಿಲ್ಲಿಂಗ್ ಕೌಂಟರಲ್ಲಿ ಕ್ಯೂ, ಡಾಕ್ಟರ್ ಕೈಗುಣ ಚೆನ್ನಾಗಿದೆ, ಇಷ್ಟೇ. ಆ ರೂಮಲ್ಲಿ ಏನಿರುತ್ತೆ, ಅಲ್ಲಿಂದ ಹೊರಗೆ ಏನು ಹೋಗುತ್ತೆ, ಏನು ಹೋಗೋಕೆ ಬಿಡಲ್ಲ ಅಂತ ಒಬ್ರೂ ಬರೆದಿರಲಿಲ್ಲ. ಕಾಯಿಲೆ ಹೆಂಗೆ ಬಂತು, ಎಷ್ಟು ಅತ್ತೆ ಅನ್ನೋದೆಲ್ಲ ಇಲ್ಲಿ ಇಲ್ಲ, ಅದಕ್ಕೆ ನಮ್ಮ ಅಮ್ಮ ಇದಾರೆ, ಫೋನ್ ಮಾಡಿದ್ರೆ ಒಂದು ಗಂಟೆ ಹೇಳ್ತಾರೆ. ನಾನು ಹೇಳೋದು ಜಾಸ್ತಿ ಬಾತ್‌ರೂಮು, ಪೈಪು, ಕಸದ ಕವರು. ನಗಬೇಡಿ, ಮೂರು ದಿನ ಅಲ್ಲಿದ್ರೆ ನಿಮಗೂ ತಲೆಯಲ್ಲಿ ಅದೇ ಓಡುತ್ತೆ.

ಇನ್ನೊಂದು ವಿಷಯ, ನಮ್ಮೂರು ಕೋಲಾರ ತಾಲೂಕು. ಕೋಲಾರದವರಿಗೆ ಬೆಂಗಳೂರಿನ ಚರಂಡಿ ಅಂದ್ರೆ ಸುಮ್ನೆ ಚರಂಡಿ ಅಲ್ಲ. 2018ರ ಜೂನಲ್ಲಿ ಕೆ.ಸಿ. ವ್ಯಾಲಿ ನೀರು ಪೈಪಲ್ಲಿ ಬಂದು ಲಕ್ಷ್ಮೀಸಾಗರ ಕೆರೆಗೆ ಬಿತ್ತಲ್ಲ, ಆಮೇಲೆ ಒಂದಾದ ಮೇಲೊಂದು ಕೆರೆ ತುಂಬ್ಕೊಂಡು ಬಂತು, ವರ್ಷಾನುಗಟ್ಟಲೆ ಜಾಲಿ ಬೆಳೆದಿದ್ದ ನಮ್ಮೂರ ಕೆರೆಗೂ ಬಂತು. 440 ಎಂಎಲ್‌ಡಿ, ಅಂದ್ರೆ ದಿನಕ್ಕೆ 44 ಕೋಟಿ ಲೀಟರಿನ ಯೋಜನೆ, ಬೆಂಗಳೂರಿನ ಒಳಚರಂಡಿ ನೀರನ್ನ ಎರಡು ಹಂತ ಶುದ್ಧ ಮಾಡಿ ಕಳಿಸೋದು. ಮೂರನೇ ಹಂತನೂ ಮಾಡಿ ಕಳಿಸಿ ಅಂತ ನಮ್ಮವರು ಕೇಳ್ತಾನೇ ಇದಾರೆ, ಒಂದ್ಸಲ ನೊರೆ ಬಂದು ಕೋರ್ಟಿಗೂ ಹೋಯ್ತು, ಆ ಕತೆ ಉದ್ದ. ನಾನು ಹೇಳಕ್ಕೆ ಹೊರಟಿದ್ದು ಏನಂದ್ರೆ, ಬೆಂಗಳೂರಲ್ಲಿ ಯಾರು ಫ್ಲಶ್ ಮಾಡಿದ್ರೂ ಅದು ತಿರುಗಿ ನಮ್ಮೂರ ಕೆರೆಗೆ ಬರಬಹುದು ಅನ್ನೋ ಲೆಕ್ಕ ನನ್ನ ತಲೆಯಲ್ಲಿ ಮೊದಲಿಂದಲೇ ಕೂತಿತ್ತು. ಹಂಗಿದ್ದಾಗ ಡಾಕ್ಟರ್ ಬಂದು "ನಿಮಗೆ ನೂರು ಮಿಲಿಕ್ಯೂರಿ ಕೊಡ್ತೀವಿ, ಅದ್ರಲ್ಲಿ ಮುಕ್ಕಾಲು ಪಾಲಿಗಿಂತ ಜಾಸ್ತಿ ಎರಡು ದಿನದಲ್ಲಿ ಮೂತ್ರದಲ್ಲೇ ಹೊರಗೆ ಹೋಗುತ್ತೆ" (ಮಿಲಿಕ್ಯೂರಿ ಅನ್ನೋದು ವಿಕಿರಣದ ಅಳತೆ) ಅಂದ್ರೆ ನಾನು ಕೇಳೋ ಮೊದಲ ಪ್ರಶ್ನೆ ಏನಿರುತ್ತೆ ಹೇಳಿ. ಡಾಕ್ಟರ್ ನನ್ನನ್ನ ಒಂದು ತರ ನೋಡಿ, ಅದನ್ನ ವಿಕಿರಣದ ಸುರಕ್ಷತೆ ನೋಡ್ಕೊಳೋ ಅಧಿಕಾರಿ, ಆರ್‌ಎಸ್‌ಒ ಮೇಡಂ ಹತ್ರ ಕೇಳಿ ಅಂದ್ರು.

ತಯಾರಿ ಬಗ್ಗೆ ಬೇಗ ಮುಗಿಸ್ತೀನಿ. ನಾಲ್ಕು ವಾರ ಥೈರಾಕ್ಸಿನ್ ಮಾತ್ರೆ ನಿಲ್ಲಿಸಬೇಕು, ಮೈ ಎಲ್ಲ ಹಿಟ್ಟಿನ ಮೂಟೆ ತರ ಆಗುತ್ತೆ, ಏಪ್ರಿಲಲ್ಲೂ ಸ್ವೆಟರ್ ಬೇಕು ಅನ್ಸುತ್ತೆ. ಎರಡು ವಾರ ಅಯೋಡಿನ್ ಇಲ್ಲದ ಊಟ, ಅಂದ್ರೆ ಪ್ಯಾಕೆಟ್ ಉಪ್ಪಿಲ್ಲ, ಹಾಲಿಲ್ಲ, ಮೊಸರಿಲ್ಲ, ಮೊಟ್ಟೆಯಿಲ್ಲ, ಮೀನಿಲ್ಲ. ಅಯೋಡಿನ್ ಇಲ್ಲದ ಉಪ್ಪು ಹುಡುಕೋಕೆ ಐದು ಅಂಗಡಿ ಸುತ್ತಿದೆ, ಒಬ್ಬ ಅಂಗಡಿಯವ "ಅಯೋಡಿನ್ ಒಳ್ಳೇದಲ್ವಾ ಸಾರ್" ಅಂತ ನನಗೇ ಬುದ್ಧಿ ಹೇಳಿದ. ಮುದ್ದೆ ತಿನ್ನಬಹುದಿತ್ತು, ಅದೊಂದು ಪುಣ್ಯ.

ರೂಮು ಹೆಂಗಿರುತ್ತೆ ಅಂದ್ರೆ, ಬಾಗಿಲೊಳಗೆ ಸೀಸ ಇದೆ, ತಳ್ಳಕ್ಕೆ ಎರಡು ಕೈ ಬೇಕು. ಒಳಗೆ ಕಾಣೋದೆಲ್ಲ ಪ್ಲಾಸ್ಟಿಕ್ ಸುತ್ತಿದ್ದು. ಟಿವಿ ರಿಮೋಟು, ಸ್ವಿಚ್ಚು, ನಲ್ಲಿ, ಹಾಸಿಗೆ, ಇಂಟರ್‌ಕಾಮು, ಎಲ್ಲ ಮದುವೆ ಮನೆ ಗಿಫ್ಟ್ ತರ ಪ್ಯಾಕ್ ಆಗಿ ಕೂತಿದಾವೆ. ಮೂಲೆಯಲ್ಲಿ ಕ್ಯಾಮರಾ. ಬಾಗಿಲ ಹತ್ರ ನೆಲದ ಮೇಲೆ ಹಳದಿ ಗೆರೆ, ಲಕ್ಷ್ಮಣ ರೇಖೆ ಅಂತ ಸಿಸ್ಟರ್ ಒಬ್ರು ಜೋಕ್ ಮಾಡಿದ್ರು. ಆರ್‌ಎಸ್‌ಒ ಹುದ್ದೆಗೆ ಎಇಆರ್‌ಬಿ ಒಪ್ಪಿದವರನ್ನೇ ಇಟ್ಕೊಬೇಕು, ಆ ಹುದ್ದೆ ಖಾಲಿ ಇಟ್ಕೊಂಡು ಇಂಥ ವಾರ್ಡ್ ನಡೆಸೋ ಹಾಗಿಲ್ಲ. ಎಇಆರ್‌ಬಿ ಅನ್ನೋದು 1983ರಲ್ಲಿ ಶುರುವಾದ ಪರಮಾಣು ಶಕ್ತಿ ನಿಯಂತ್ರಣ ಮಂಡಳಿ, ಮುಂಬೈಯಲ್ಲಿದೆ. ಈ ಮೇಡಂ ಮಂಗಳೂರು ಕಡೆಯವರು, ಅಚ್ಚುಕಟ್ಟಾಗಿ ಪುಸ್ತಕದ ಕನ್ನಡದಲ್ಲಿ ಮಾತಾಡ್ತಾರೆ, ಎದೆ ಮೇಲೆ ಟಿಎಲ್‌ಡಿ ಬ್ಯಾಡ್ಜು, ಅವರ ಮೈಗೆ ಎಷ್ಟು ವಿಕಿರಣ ಬಿತ್ತು ಅಂತ ಅಳೆಯೋದು. ಬಂದವರೇ ಹೇಳಿದ ಮೊದಲ ಮಾತು: "ಇನ್ನು ಮೂರು ದಿನ ನೀವು ಪೇಷಂಟೂ ಹೌದು, ವಿಕಿರಣದ ಸೋರ್ಸೂ ಹೌದು. ನೀವು ಮುಟ್ಟಿದ್ದೆಲ್ಲ ನನ್ನ ಲೆಕ್ಕಕ್ಕೆ ಬರ್ತದೆ." ನನ್ನ ಕೈಲಿ ಒಂದು ಪುಸ್ತಕ ಇತ್ತು, ಅದನ್ನ ನೋಡಿ "ಒಳಗೆ ತಗೊಂಡು ಹೋದ್ರೆ ಇದು ಯಾವಾಗ ಹೊರಗೆ ಬರ್ತದೆ ಅಂತ ಹೇಳಲಿಕ್ಕಾಗೋದಿಲ್ಲ" ಅಂದ್ರು. ತಲೆ ಆಡಿಸಿದೆ, ಆದ್ರೂ ತಗೊಂಡು ಹೋದೆ. ಮೂರು ದಿನ ಫೋನ್ ಒಂದೇ ನೋಡ್ಕೊಂಡು ಕೂತ್ರೆ ಹುಚ್ಚು ಹಿಡಿಯುತ್ತೆ ಮಾರಾಯ್ರೆ. ಫೋನಿಗೆ ಜಿಪ್ ಕವರ್ ಕೊಟ್ರು.

ಔಷಧಿ ಬಂದಿದ್ದು ಸೀಸದ ಡಬ್ಬಿಯಲ್ಲಿ, ಒಳಗೆ ಸಣ್ಣ ಬಾಟ್ಲು, ಅದಕ್ಕೊಂದು ಸ್ಟ್ರಾ. ರುಚಿ? ನೀರು. ಇಷ್ಟಕ್ಕಾ ಇಷ್ಟೊಂದು ಅಂತ ಅನ್ಸುತ್ತೆ. ಅದು ಮುಂಬೈಯ ಟ್ರಾಂಬೆಯಲ್ಲಿರೋ ಧ್ರುವ ಅನ್ನೋ ಅಣು ರಿಯಾಕ್ಟರಲ್ಲಿ ಹುಟ್ಟಿ, ಬ್ರಿಟ್ ಅನ್ನೋ ಸರ್ಕಾರಿ ಸಂಸ್ಥೆ ಮೂಲಕ ಬೆಂಗಳೂರಿಗೆ ಬರೋದಂತೆ. ಅಂಗಡಿ ಸಾಮಾನಿನ ತರ ತಂದು ಇಟ್ಕೊಳಕ್ಕೆ ಆಗಲ್ಲ, ಎಂಟು ದಿನಕ್ಕೆ ಅರ್ಧ ಆಗೋಗುತ್ತೆ, ಇನ್ನೆಂಟು ದಿನಕ್ಕೆ ಕಾಲು. ಅದಕ್ಕೇ ನಿಮಗೆ ಡೇಟ್ ಕೊಟ್ಟ ದಿನ ನೀವು ಹೋಗಲೇಬೇಕು, ನೆಂಟರ ಮದುವೆ ಇದೆ ಮುಂದಿನ ವಾರ ಬರ್ತೀನಿ ಅಂತ ಹೇಳೋ ಹಾಗಿಲ್ಲ. ನಾನು ಕುಡಿದ ತಕ್ಷಣ ರೂಮಲ್ಲಿದ್ದವರೆಲ್ಲ ಹಿಂದೆ ಸರಿದ್ರು. ಮೇಡಂ ಒಂದು ಮೀಟರ್ ದೂರ ನಿಂತು ಅವರ ಮೆಷಿನ್ ಹಿಡಿದ್ರು, ಗಂಟೆಗೆ 170 ಮೈಕ್ರೊಸೀವರ್ಟ್. ಇದು 50ಕ್ಕಿಂತ ಕೆಳಗೆ ಇಳಿಯೋವರೆಗೂ ಮನೆ ಇಲ್ಲ, ಅದು ನಮ್ಮ ದೇಶದ ರೂಲು. ಸಾಮಾನ್ಯ ಜನಕ್ಕೆ ಇಡೀ ವರ್ಷಕ್ಕೆ ಹಾಕಿರೋ ಮಿತಿ 1 ಮಿಲಿಸೀವರ್ಟ್ (ಸಾವಿರ ಮೈಕ್ರೊಸೀವರ್ಟ್), ಅಂದ್ರೆ ಆ ಹೊತ್ತಲ್ಲಿ ಯಾರಾದ್ರೂ ನನ್ನ ಪಕ್ಕ ಒಂದು ಮೀಟರಲ್ಲಿ ಆರು ಗಂಟೆ ಕೂತು ಹರಟೆ ಹೊಡೆದ್ರೆ ಅವರ ಒಂದು ವರ್ಷದ ಕೋಟಾ ಖತಂ. ನನ್ನ ಹರಟೆಗೆ ಅಷ್ಟು ಬೆಲೆ ಯಾವತ್ತೂ ಬಂದಿರಲಿಲ್ಲ.

ಈಗ ಬಾತ್‌ರೂಮು. ಐದಕ್ಕೆ ಐದು. ಕಮೋಡು ಹೊಸದು, ಗಂಡಸರೂ ಕೂತ್ಕೊಂಡೇ ಹೋಗ್ಬೇಕು ಅಂತ ಗೋಡೆ ಮೇಲೆ ಚಿತ್ರ, ಯಾಕಂದ್ರೆ ಒಂದು ಹನಿ ಹೊರಗೆ ಸಿಡಿದ್ರೂ ಅದು ಲೆಕ್ಕಕ್ಕೆ. ಮುಖ್ಯ ವಿಷಯ ಕೆಳಗಿದೆ. ಆ ಕಮೋಡಿನ ಪೈಪು ಆಸ್ಪತ್ರೆಯ ಬೇರೆ ಪೈಪಿಗೆ ಎಲ್ಲೂ ಸೇರಲ್ಲ, ಸೀದಾ ಬೇಸ್‌ಮೆಂಟಲ್ಲಿರೋ ಟ್ಯಾಂಕಿಗೆ ಹೋಗುತ್ತೆ. ಡಿಲೇ ಟ್ಯಾಂಕ್ ಅಂತಾರೆ. ನಮ್ಮ ಮನೆ ಸಂಪ್ ತರ ಅನ್ಕೊಳಿ, ಆದ್ರೆ ಜೋಡಿ. ಒಂದು ತುಂಬಿದ್ರೆ ವಾಲ್ವ್ ಮುಚ್ಚಿ ಡೇಟ್ ಬರೆದು ಸುಮ್ನೆ ಬಿಡ್ತಾರೆ, ಹೊಸದಾಗಿ ಬರೋದು ಇನ್ನೊಂದಕ್ಕೆ ಹೋಗುತ್ತೆ. ಮುಚ್ಚಿದ ಟ್ಯಾಂಕಿಗೆ ಕೆಮಿಕಲ್ ಹಾಕಲ್ಲ, ಸೋಸಲ್ಲ, ಏನೂ ಮಾಡಲ್ಲ, ಕಾಯೋದೇ ಕೆಲಸ. ಎರಡನೇದು ತುಂಬೋ ಹೊತ್ತಿಗೆ ಮೊದಲನೇದ್ರಿಂದ ಸ್ಯಾಂಪಲ್ ತೆಗೆದು ಅಳೀತಾರೆ, ಒಂದು ಘನ ಮೀಟರ್ ನೀರಿಗೆ 22.2 ಮೆಗಾಬೆಕ್ರೆಲ್‌ಗಿಂತ (ಇದೂ ವಿಕಿರಣದ ಅಳತೆನೇ) ಕಮ್ಮಿ ಇದ್ರೆ ಮಾತ್ರ ಊರಿನ ಒಳಚರಂಡಿಗೆ ಬಿಡಬಹುದು, ಬಿಟ್ಟಿದ್ದನ್ನ ರಿಜಿಸ್ಟರಲ್ಲಿ ಬರೀಬೇಕು, ಮಂಡಳಿಯವರು ಬಂದ್ರೆ ತೋರಿಸಬೇಕು.

ಇದೆಲ್ಲ ಆಸ್ಪತ್ರೆ ದೊಡ್ಡ ಮನಸ್ಸು ಮಾಡಿ ಮಾಡಿದ್ದಲ್ಲ ಅನ್ನೋದನ್ನೂ ಮೇಡಂ ಹೇಳಿದ್ರು. 1962ರ ಅಣುಶಕ್ತಿ ಕಾಯ್ದೆ ಕೆಳಗೆ 1987ರಲ್ಲಿ ಈ ತ್ಯಾಜ್ಯಕ್ಕೆ ಅಂತಲೇ ಬೇರೆ ನಿಯಮ ಬಂತು, ಅದ್ರ ಪ್ರಕಾರ ಎಲ್ಲಿ ಬಿಡ್ಬೇಕು, ಹೆಂಗೆ ಬಿಡ್ಬೇಕು, ಎಷ್ಟು ಬಿಡ್ಬೇಕು ಅನ್ನೋದಕ್ಕೆಲ್ಲ ಮೊದಲೇ ಅನುಮತಿ ಬೇಕು. ಟ್ಯಾಂಕ್ ಎಷ್ಟು ದೊಡ್ಡದು, ಗೋಡೆ ಎಷ್ಟು ದಪ್ಪ, ರೂಮಿನ ಪ್ಲಾನ್ ಏನು, ಇದೆಲ್ಲ ತೋರಿಸಿ ಒಪ್ಪಿಗೆ ಸಿಕ್ಕಿದ ಮೇಲೇ ಕಟ್ಟೋಕೆ ಶುರು. ಈಗ ಇ-ಲೋರಾ ಅಂತ ಆನ್‌ಲೈನ್ ಇದೆ, ಲೈಸೆನ್ಸ್, ರಿಪೋರ್ಟ್ ಎಲ್ಲ ಅದರಲ್ಲೇ. ನಮ್ಮೂರಲ್ಲಿ ಖಾತೆ ಬದಲಾಯಿಸಕ್ಕೆ ನಾಡಕಚೇರಿಗೆ ಎಂಟು ಸಲ ಅಲೆದವನು ನಾನು, ಒಂದು ಟಾಯ್ಲೆಟ್ ಪೈಪಿಗೆ ಇಷ್ಟು ಕಾಗದ ಪತ್ರ ಇದೆ ಅಂದಾಗ ಗೌರವ ಬಂತು ನಿಜವಾಗ್ಲೂ.

ಒಂದು ತಮಾಷೆ ಗಮನಿಸಿದೆ. ಪೇಷಂಟಿಗೆ ಹೇಳೋದು ನೀರು ಜಾಸ್ತಿ ಕುಡೀರಿ, ಒಂದಕ್ಕೆ ಎರಡು ಸಲ ಫ್ಲಶ್ ಮಾಡಿ ಅಂತ. ಆದ್ರೆ ಟ್ಯಾಂಕಿನ ಕಡೆಯಿಂದ ನೋಡಿದ್ರೆ ನೀರು ಜಾಸ್ತಿ ಬಂದಷ್ಟೂ ಬೇಗ ತುಂಬುತ್ತೆ, ಬೇಗ ತುಂಬಿದ್ರೆ ಮುಚ್ಚಿಟ್ಟಿರೋ ಇನ್ನೊಂದು ಟ್ಯಾಂಕಿಗೆ ಕಾಯೋಕೆ ಸಿಗೋ ದಿನ ಕಮ್ಮಿ. ಇದನ್ನ ಇಂಟರ್‌ಕಾಮಲ್ಲಿ ಕೇಳಿದೆ. ಮೇಡಂ ನಕ್ಕು "ಫ್ಲಶ್ ಧಾರಾಳ ಮಾಡಿ, ಅದಕ್ಕೇ ಕಮ್ಮಿ ನೀರಿನ ಕಮೋಡ್ ಹಾಕಿದ್ದು, ಆದ್ರೆ ದಯವಿಟ್ಟು ಬಟ್ಟೆ ಒಗೀಬೇಡಿ, ನಲ್ಲಿ ಬಿಟ್ಟುಕೊಂಡು ಹಾಡು ಹೇಳಬೇಡಿ" ಅಂದ್ರು. ಹಿಂದೆ ಒಬ್ರು ಮೂರೂ ದಿನ ದಿನಕ್ಕೆ ಮೂರು ಸಲ ಬಕೆಟ್‌ಗಟ್ಟಲೆ ಸ್ನಾನ ಮಾಡಿದ್ರಂತೆ, ಟ್ಯಾಂಕ್ ಲೆಕ್ಕ ಎಲ್ಲ ತಲೆಕೆಳಗಾಗಿ, ಮುಂದಿನ ವಾರದ ಪೇಷಂಟಿನ ಡೇಟ್ ಮುಂದಕ್ಕೆ ಹೋಯ್ತಂತೆ. ಟ್ಯಾಂಕಲ್ಲಿ ಜಾಗ ಇದ್ರೆ ಮಾತ್ರ ಅಡ್ಮಿಷನ್. ನಿಮಗೆ ಇಂಥ ವಾರ್ಡಲ್ಲಿ ತಿಂಗಳುಗಟ್ಟಲೆ ವೇಟಿಂಗ್ ಅಂತ ಹೇಳಿದ್ರೆ ಸಿಬ್ಬಂದಿ ಮೇಲೆ ರೇಗೋಕ್ ಮುಂಚೆ ಇದನ್ನ ನೆನಪಿಟ್ಕೊಳಿ, ಬೆಡ್ ಇರುತ್ತೆ, ಕೆಳಗಡೆ ಸಂಪ್ ಖಾಲಿ ಇರಲ್ಲ.

ನಮ್ಮ ಕೆರೆ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಎರಡನೇ ದಿನ. ಮೇಡಂ ಗೆರೆ ಆಚೆ ನಿಂತು ಲೆಕ್ಕ ಹೇಳಿದ್ರು: ಎಂಟು ದಿನಕ್ಕೆ ಅರ್ಧ, ಹದಿನಾರಕ್ಕೆ ಕಾಲು, ಹಿಂಗೇ ಹತ್ತು ಸಲ ಅರ್ಧ ಮಾಡಿದ್ರೆ ಎಂಬತ್ತು ದಿನಕ್ಕೆ ಸಾವಿರದಲ್ಲಿ ಒಂದು ಪಾಲು ಉಳಿಯುತ್ತೆ. ಅಂದ್ರೆ ನನ್ನ ನೂರು ಮಿಲಿಕ್ಯೂರಿ ಅಷ್ಟೂ ಟ್ಯಾಂಕಿಗೆ ಹೋಗಿದ್ರೂ ಕೊನೆಗೆ ಅದು ಮಿಲಿಕ್ಯೂರಿಯ ಹತ್ತನೇ ಒಂದು ಪಾಲು, ಅದೂ ಸಾವಿರಾರು ಲೀಟರಲ್ಲಿ ಕಲಸಿಕೊಂಡು. ಅದು ಒಳಚರಂಡಿಗೆ ಬಿದ್ದು, ಊರಿನ ನೀರಲ್ಲೆಲ್ಲ ಬೆರೆತು, ಕೊಳಚೆ ನೀರು ಶುದ್ಧ ಮಾಡೋ ಎಸ್‌ಟಿಪಿಯಲ್ಲಿ ಕೂತು, ಪೈಪಲ್ಲಿ ಕೋಲಾರಕ್ಕೆ ಹತ್ತಿ, ಕೆರೆಯಿಂದ ಕೆರೆಗೆ ಇಳಿದು ನಮ್ಮೂರಿಗೆ ಬರೋ ಅಷ್ಟರಲ್ಲಿ ಅಳೆಯೋಕೆ ಏನೂ ಸಿಗಲ್ಲ. ನಾನು ಕಾಮರ್ಸ್ ಓದಿದವನು, ಬಡ್ಡಿ ಲೆಕ್ಕ ಉಲ್ಟಾ ಹಾಕಿದಂಗಿತ್ತು, ಚೆನ್ನಾಗಿ ತಲೆಗೆ ಹೋಯ್ತು. ನಮ್ಮ ಕೆರೆಗೆ ಭಯ ಪಡಬೇಕಾದ್ದು ಸೋಪಿನ ನೊರೆ, ಫ್ಯಾಕ್ಟರಿ ನೀರು ಇಂಥವಕ್ಕೆ, ನನ್ನ ಮೂತ್ರಕ್ಕಲ್ಲ. ಅವುಗಳಿಗೆ ಇಷ್ಟು ದಿನಕ್ಕೆ ಅರ್ಧ ಆಗೋ ಹಾಫ್ ಲೈಫೂ ಇಲ್ಲ, ಬೇಸ್‌ಮೆಂಟಲ್ಲಿ ಜೋಡಿ ಟ್ಯಾಂಕೂ ಇಲ್ಲ. ಒಂದು ಕ್ಯಾನ್ಸರ್ ಪೇಷಂಟಿನ ಕಮೋಡಿಗೆ ಇರೋ ಶಿಸ್ತು ಬೆಂಗಳೂರಿನ ಉಳಿದ ಚರಂಡಿಗೆ ಯಾಕಿಲ್ಲ ಅಂತ ಅಲ್ಲೇ ಕೂತು ಸಿಟ್ಟು ಬಂತು, ಕಮೋಡ್ ಮೇಲೆ ಕೂತೇ ಬಂತು ಅಂತನೇ ಹೇಳ್ತೀನಿ.

ಗಟ್ಟಿ ಕಸದ ಕತೆ ಬೇರೆ. ತಿಂದ ಪೇಪರ್ ತಟ್ಟೆ, ಲೋಟ, ಟಿಶ್ಯೂ, ಕೈಗವಸು, ಎಲ್ಲ ಅಲ್ಲೇ ಒಂದು ಪೆಡಲ್ ಡಬ್ಬಿಗೆ. ಡಿಸ್ಚಾರ್ಜ್ ಆದ್ಮೇಲೆ ಆ ಕವರ್ ಕಟ್ಟಿ, ಯಾವ ಐಸೊಟೋಪು, ಯಾವ ತಾರೀಕು, ಮೀಟರಲ್ಲಿ ಎಷ್ಟು ಅಂತ ಚೀಟಿ ಹಚ್ಚಿ ಒಂದು ಬೀಗದ ರೂಮಲ್ಲಿ ಇಡ್ತಾರೆ. ಬೆಡ್‌ಶೀಟೂ ಅಲ್ಲೇ, ಕಾದ ಮೇಲೆ ಒಗೆಯೋಕೆ. ಮಾಮೂಲಿ ಆಸ್ಪತ್ರೆ ಕಸದ ಹಳದಿ ಕವರ್, ಕೆಂಪು ಕವರ್ ಇರುತ್ತಲ್ಲ, ಅದು 2016ರ ಬಯೋಮೆಡಿಕಲ್ ರೂಲ್ಸ್, ಇದು ಅದಕ್ಕೆ ಬರೋದೇ ಇಲ್ಲ. ಮೀಟರ್ ಹಿಡಿದ್ರೆ ಗೋಡೆಗೂ ಕಸಕ್ಕೂ ವ್ಯತ್ಯಾಸ ಇಲ್ಲ ಅನ್ನೋವರೆಗೆ ಬೀಗದಲ್ಲೇ ಇದ್ದು, ಆಮೇಲೆ ವಿಕಿರಣದ ಚಿಹ್ನೆ ಇರೋ ಸ್ಟಿಕರ್ ಕಿತ್ತು ಹಾಕಿ ಮಾಮೂಲಿ ಕಸದ ಸಾಲಿಗೆ ಸೇರಿಸ್ತಾರೆ. ಸ್ಟಿಕರ್ ಯಾಕೆ ಕೀಳ್ಬೇಕು ಅಂದ್ರೆ, ಹಂಗೇ ಹೋದ್ರೆ ಕಸ ಆರಿಸೋರು ನೋಡಿ ಗಾಬರಿ ಆಗ್ತಾರೆ, ಪೊಲೀಸ್, ಟಿವಿ ಎಲ್ಲ ಬರುತ್ತೆ, ಒಳಗೆ ನೋಡಿದ್ರೆ ಒಣಗಿದ ಇಡ್ಲಿ ತಟ್ಟೆ. ಪಕ್ಕದ ಪೆಟ್ ಸ್ಕ್ಯಾನ್ ವಿಭಾಗದಲ್ಲಿ ಇಷ್ಟು ಕಷ್ಟ ಇಲ್ಲ, ಅಲ್ಲಿ ಬಳಸೋ ಫ್ಲೋರಿನ್-18 110 ನಿಮಿಷಕ್ಕೇ ಅರ್ಧ ಆಗುತ್ತೆ, ಇವತ್ತಿನ ಸಿರಿಂಜು ನಾಳೆ ಬೆಳಗ್ಗೆ ಮಾಮೂಲಿ ಸಿರಿಂಜು.

ಕಾಯೋದಕ್ಕೆ ಆಗದೇ ಇರೋ ಸಾಮಾನೂ ಇದೆಯಲ್ಲ ಅಂತ ಕೇಳಿದಾಗ ಮೇಡಂ ದೆಹಲಿಯ ಗುಜರಿ ಮಾರ್ಕೆಟ್ಟು ಮಾಯಾಪುರಿ ಹೆಸರು ತೆಗೆದ್ರು. ನನಗೆ ನೆನಪಿತ್ತು, ಪೇಪರಲ್ಲಿ ಬಂದಿತ್ತು. ದೆಹಲಿ ವಿಶ್ವವಿದ್ಯಾಲಯದ ಕೆಮಿಸ್ಟ್ರಿ ವಿಭಾಗದಲ್ಲಿ ಕೆನಡಾದಿಂದ ತಂದ ಒಂದು ಗಾಮಾ ಮೆಷಿನ್, ಒಳಗೆ ಕೋಬಾಲ್ಟ್-60. 1985ರಿಂದ ಯಾರೂ ಮುಟ್ಟಿರಲಿಲ್ಲ, ಮೂಲೆಯಲ್ಲಿ ಕೂತಿತ್ತು. 2010ರ ಫೆಬ್ರವರಿಯಲ್ಲಿ ಹಳೇ ಸಾಮಾನಿನ ಜೊತೆ ಹರಾಜು ಹಾಕ್ಬಿಟ್ರು, ಗುಜರಿಯವರು ಮಾಯಾಪುರಿಗೆ ತಗೊಂಡು ಹೋಗಿ ಸೀಸಕ್ಕೆ ಅಂತ ಒಡೆದ್ರು, ಒಳಗಿದ್ದ ಹೊಳೆಯೋ ಚೂರುಗಳು ಅಂಗಡಿಯಿಂದ ಅಂಗಡಿಗೆ ಹೋದ್ವು. ಏಪ್ರಿಲಲ್ಲಿ ಒಬ್ಬೊಬ್ರಾಗಿ ಆಸ್ಪತ್ರೆ ಸೇರಿದ್ರು, ಚರ್ಮ ಕಪ್ಪಾಗಿ, ಕೂದಲು ಉದುರಿ. ಒಬ್ಬ ಸತ್ತೇ ಹೋದ. ಕೋಬಾಲ್ಟ್ ಅರ್ಧ ಆಗೋಕೆ ಐದು ವರ್ಷ ಚಿಲ್ಲರೆ ಬೇಕು, ನಮ್ಮ ಎಂಟು ದಿನದ ಆಟ ಅಲ್ಲಿ ನಡೆಯಲ್ಲ. ಅಂಥದ್ದನ್ನ ಕೆಲಸ ಮುಗಿದ್ಮೇಲೆ ಕೊಟ್ಟವರಿಗೇ ವಾಪಸ್ ಕಳಿಸಬೇಕು, ಮಂಡಳಿ ಒಪ್ಪಿಗೆ ಇಲ್ಲದೆ ಜಾಗ ಕದಲಿಸೋ ಹಾಗಿಲ್ಲ ಅನ್ನೋ ರೂಲ್ ಆಗಲೂ ಪುಸ್ತಕದಲ್ಲಿ ಇತ್ತು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದ ಹಾಗೆ, ಆಮೇಲೆ ಮಂಡಳಿ ಆ ವಿಶ್ವವಿದ್ಯಾಲಯಕ್ಕೆ ವಿಕಿರಣದ ವಸ್ತು ಬಳಸಬೇಡಿ ಅಂತ ತಡೆ ಹಾಕ್ತು. ಈ ಕತೆ ಕೇಳಿದ ಮೇಲೆ ಬೀಗದ ರೂಮು, ರಿಜಿಸ್ಟರು ಯಾವುದೂ ಅತಿ ಅನ್ಸಲಿಲ್ಲ.

ನಮ್ಮ ಕಡೆಯವರಿಗೆ ಇನ್ನೊಂದು ಗಾಯ ಇದೆ, ಕೆಜಿಎಫ್. ಗಣಿ ಮುಚ್ಚಿದ್ದು 2001ರಲ್ಲಿ. 2012ರ ನವೆಂಬರಲ್ಲಿ ತಮಿಳುನಾಡಿನ ಕೂಡಂಕುಳಂ ಅಣು ಸ್ಥಾವರದ ಕೇಸು ಸುಪ್ರೀಂ ಕೋರ್ಟಲ್ಲಿ ನಡೀತಿದ್ದಾಗ, ಅಲ್ಲಿನ ಅಣುತ್ಯಾಜ್ಯವನ್ನ ಖಾಲಿ ಬಿದ್ದಿರೋ ಕೋಲಾರದ ಗಣಿಗೆ ಹಾಕಬಹುದು ಅನ್ನೋ ಮಾತು ಸರ್ಕಾರದ ಕಡೆಯಿಂದ ಬಂತು. ಕೋಲಾರ, ಕೆಜಿಎಫ್ ಎಲ್ಲ ಬೀದಿಗಿಳೀತು, ನಾನೂ ಇದ್ದೆ, ಗಂಟಲು ಹೋಗೋವರೆಗೂ ಕೂಗಿದ್ದೆ. ಆಮೇಲೆ ಅಂಥ ಯೋಚನೆ ಇಲ್ಲ ಅಂತ ಅವರೇ ವಾಪಸ್ ತಗೊಂಡ್ರು. ಇದನ್ನ ಹೇಳಿದಾಗ ಮೇಡಂ ಬೇಜಾರು ಮಾಡ್ಕೊಳಲಿಲ್ಲ, ಅದು ಉರಿದ ಇಂಧನದ ವಿಷಯ, ಸಾವಿರಾರು ವರ್ಷದ ಲೆಕ್ಕ, ನಿಮ್ಮ ಟ್ಯಾಂಕಿಗೂ ಅದಕ್ಕೂ ಸಂಬಂಧ ಇಲ್ಲ ಅಂದ್ರು. ಮಧ್ಯದ ದರ್ಜೆಯದ್ದೂ ಒಂದಿದೆ, ಕೈಗಾದಲ್ಲಿ ದಿನಾ ಬರೋ ಕೈಗವಸು, ಒರೆಸಿದ ಬಟ್ಟೆ, ಫಿಲ್ಟರು, ಇಂಥದ್ದು. ಅದನ್ನ ಎಲ್ಲಿಗೂ ಸಾಗಿಸಲ್ಲ, ಅಣು ವಿದ್ಯುತ್ ಸ್ಥಾವರ ಇರೋ ಜಾಗದಲ್ಲೇ ಕಾಂಕ್ರೀಟ್ ಕಂದಕ ಮಾಡಿ ನೆಲದ ಮೇಲ್ಪದರದಲ್ಲೇ ಮುಚ್ಚೋದು ನಮ್ಮ ದೇಶದ ಪದ್ಧತಿ, ಮುನ್ನೂರು ವರ್ಷ ಕಣ್ಣಿಡೋ ಲೆಕ್ಕದಲ್ಲಿ. ಯಾಕೆ ಮುನ್ನೂರು? ಆ ತ್ಯಾಜ್ಯದಲ್ಲಿರೋ ಸೀಸಿಯಂ, ಸ್ಟ್ರಾನ್ಷಿಯಂ ಸುಮಾರು ಮೂವತ್ತು ವರ್ಷಕ್ಕೆ ಅರ್ಧ ಆಗುತ್ತೆ, ಅದನ್ನ ಹತ್ತು ಸಲ. ಅದೇ ಬಡ್ಡಿ ಲೆಕ್ಕ. ಆದ್ರೆ ಎಂಬತ್ತು ದಿನ ಒಂದು ಆಸ್ಪತ್ರೆ ಕಾಯುತ್ತೆ ಅಂದ್ರೆ ನಂಬ್ತೀನಿ, ಮುನ್ನೂರು ವರ್ಷ ಒಂದು ಇಲಾಖೆ ರಿಜಿಸ್ಟರ್ ಬರೆದು ಇಟ್ಕೊಂಡಿರುತ್ತೆ ಅಂದ್ರೆ ನಂಬೋಕೆ ನನ್ನ ಮನಸ್ಸು ಇನ್ನೂ ಒಪ್ಪಿಲ್ಲ. ಅದನ್ನೂ ಮೇಡಂಗೆ ಹೇಳಿದೆ. ಅವರು ಏನೂ ಹೇಳಲಿಲ್ಲ, ಮೀಟರ್ ಹಿಡಿದು 58 ಅಂತ ಬರ್ಕೊಂಡು ಹೋದ್ರು.

ಈಗ ದೂರುಗಳು. ಊಟ ಮೊದಲು. ಅಯೋಡಿನ್ ಇಲ್ಲದ ಊಟ ಅಂತ ಎರಡು ವಾರ ನನ್ನ ಪ್ರಾಣ ತಿಂದ ಆಸ್ಪತ್ರೆ, ಮೊದಲ ದಿನ ಸಂಜೆನೇ ಹಾಲಿನ ಟೀ, ಬ್ರೆಡ್ಡು ಕಳಿಸ್ತು. ಕಿಚನಿಗೂ ವಾರ್ಡಿಗೂ ಮಾತುಕತೆ ಇಲ್ಲ. ಚಪಾತಿ ಎಷ್ಟು ಗಟ್ಟಿ ಅಂದ್ರೆ ಬಾಗಿಲಿಗೆ ಸೀಸದ ಬದಲು ಅದನ್ನೇ ಹಾಕಬಹುದಿತ್ತು. ಎರಡು ಸ್ಟಾರ್ ಕೊಟ್ಟಿರೋದು ಎಳನೀರಿಗೆ, ನಿಂಬೆಹಣ್ಣಿಗೆ. ಜೊಲ್ಲು ಗ್ರಂಥಿಗೆ ತೊಂದ್ರೆ ಆಗದಿರಲಿ ಅಂತ ಹುಳಿ ಚೀಪೋಕೆ ಕೊಡ್ತಾರೆ, ಅದು ಟೈಮಿಗೆ ಸರಿಯಾಗಿ ಬಂತು.

ಎರಡನೇದು ನಿಜವಾದ ದೂರು. ಊಟ ತಂದು ಗೆರೆ ಆಚೆ ಟೇಬಲ್ ಮೇಲೆ ಇಟ್ಟು ಹೋಗೋ ಹೌಸ್‌ಕೀಪಿಂಗ್ ಅಕ್ಕ, ಮುಳಬಾಗಿಲು ಕಡೆಯವರಂತೆ, ನನ್ನ ಮಾತು ಕೇಳಿ ಗುರ್ತು ಹಿಡಿದ್ರು. ಮೂರನೇ ದಿನ ಮೆಲ್ಲಗೆ "ಅಣ್ಣಾ, ಒಳಗೆ ಇರೋದು ಏನು, ನಮಗೆ ಏನೂ ಆಗಲ್ವಾ, ಮನೇಲಿ ಸಣ್ಣ ಮಗು ಐತೆ" ಅಂದ್ರು. ಅವರ ಎದೆ ಮೇಲೆ ಬ್ಯಾಡ್ಜ್ ಇರಲಿಲ್ಲ. ಇದನ್ನ ಆಮೇಲೆ ಮೇಡಂ ಹತ್ರ ಕೇಳಿದೆ, ಅವರು ಗೆರೆ ದಾಟಲ್ಲ, ಅರ್ಧ ನಿಮಿಷ ನಿಲ್ತಾರೆ, ಅವರಿಗೆ ಬೀಳೋದು ಏನೇನೂ ಅಲ್ಲ, ಬ್ಯಾಡ್ಜು ರೇಡಿಯೇಷನ್ ವರ್ಕರ್ ಅಂತ ನೋಂದಾಯಿಸಿದವರಿಗೆ ಮಾತ್ರ ಅಂದ್ರು. ಸರಿ, ಲೆಕ್ಕ ಸರಿಯೇ ಇರಬಹುದು. ಆದ್ರೆ ಪೇಷಂಟ್ ಆದ ನನಗೆ ಅರ್ಧ ಗಂಟೆ ಕೂತು ಹಾಫ್ ಲೈಫ್ ಪಾಠ ಮಾಡಿದ ಆಸ್ಪತ್ರೆ, ದಿನಾ ಆ ಬಾಗಿಲಿಗೆ ಬರೋ ಹೆಂಗಸಿಗೆ ಎರಡು ಮಾತು ಹೇಳಿರಲಿಲ್ಲ. ಕಾಂಟ್ರ್ಯಾಕ್ಟ್ ಕೆಲಸದವರು, ತಿಂಗಳಿಗೊಬ್ರು ಬದಲಾಗ್ತಾರೆ ಅನ್ನೋದು ಉತ್ತರ ಅಲ್ಲ. ಒಂದು ಸ್ಟಾರ್ ಇಲ್ಲೇ ಕಟ್. ಮೇಡಂ ಮುಖ ಸಣ್ಣದಾಯ್ತು, ಬರ್ಕೊಂಡ್ರು, ಮಾಡಿದ್ರೋ ಇಲ್ವೋ.

ಮೂರನೇದು ಮನೆ. ಮೂರನೇ ದಿನ ಬೆಳಗ್ಗೆ ಮೀಟರ್ 21 ತೋರಿಸ್ತು, ಡಿಸ್ಚಾರ್ಜು. ಕೈಗೆ ಒಂದು ಹಾಳೆ, ಪೂರ್ತಿ ಇಂಗ್ಲಿಷ್. ಬೇರೆ ಮಲಗಿ, ಮಕ್ಕಳು, ಬಸುರಿ ಹೆಂಗಸರಿಂದ ದೂರ ಇರಿ, ಬಟ್ಟೆ ಬೇರೆ ಒಗೀರಿ, ಎರಡು ಸಲ ಫ್ಲಶ್ ಮಾಡಿ, ಏರ್‌ಪೋರ್ಟಲ್ಲಿ ಅಲಾರಂ ಹೊಡೆದ್ರೆ ಈ ಕಾರ್ಡ್ ತೋರಿಸಿ. ನನ್ನ ಹೆಂಡತಿ, ಮಗಳು ಮೊದಲೇ ಊರಿಗೆ ಹೋಗಿದ್ರು, ಸ್ನೇಹಿತ ಕಾರಲ್ಲಿ ಕರ್ಕೊಂಡು ಹೋದ, ನಾನು ಹಿಂದಿನ ಸೀಟಲ್ಲಿ ಅಡ್ಡ ಮೂಲೆಗೆ ಕೂತಿದ್ದೆ, ಮಂತ್ರಿ ತರ. ಆದ್ರೆ ಯೋಚನೆ ಮಾಡಿ, ಬೆಳಗ್ಗೆ ಹತ್ತೂವರೆವರೆಗೆ ನನ್ನ ಒಂದು ಹನಿಗೂ ರಿಜಿಸ್ಟರ್ ಇತ್ತು, ಹತ್ತೂಮುಕ್ಕಾಲಿಗೆ ಅದೇ ನಾನು ನಮ್ಮ ಅಪಾರ್ಟ್‌ಮೆಂಟಿನ ಕಮೋಡಿಗೆ. ನಮ್ಮಲ್ಲಿ ಎಸ್‌ಟಿಪಿ ಇದೆ, ಶುದ್ಧ ಮಾಡಿದ ನೀರು ತಿರುಗಿ ಎಲ್ಲರ ಫ್ಲಶ್ ಟ್ಯಾಂಕಿಗೇ ಬರುತ್ತೆ, ಗಿಡಕ್ಕೂ ಹೋಗುತ್ತೆ, ಕೆಸರು ಲಾರಿಯಲ್ಲಿ ಹೋಗುತ್ತೆ. ಪೇಷಂಟುಗಳ ಅಯೋಡಿನ್ ಊರಿನ ಎಸ್‌ಟಿಪಿ ಕೆಸರಲ್ಲಿ ಸಿಗೋದು ಬೇರೆ ದೇಶಗಳಲ್ಲಿ ಅಳೆದು ನೋಡಿರೋ ವಿಷಯ, ನಾನು ಹುಟ್ಟಿಸಿದ್ದಲ್ಲ. ಮೇಡಂಗೆ ಫೋನಲ್ಲಿ ಕೇಳಿದೆ. ಉಳಿದಿರೋದು ಕಮ್ಮಿ, ದಿನಾ ಇಳೀತಾ ಹೋಗುತ್ತೆ, 50ರ ಕೆಳಗೆ ಬಂದವರಿಗೆ ಮನೆ ಡ್ರೈನೇಜ್ ಬಗ್ಗೆ ತಡೆ ಇಲ್ಲ, ಎಲ್ಲಾದ್ರೂ ಒಂದು ಗೆರೆ ಹಾಕ್ಲೇಬೇಕಲ್ಲ ಅಂದ್ರು. ಆ ಗೆರೆ ಹಾಕಿರೋದು ತಪ್ಪು ಅಂತ ನಾನು ಹೇಳಲ್ಲ, ಎಲ್ಲರನ್ನೂ ಎಂಬತ್ತು ದಿನ ಕೂಡಾಕಕ್ಕೆ ಆಗಲ್ಲ. ಗೆರೆ ಆಚೆ ಏನು ಮಾಡ್ಬೇಕು ಅನ್ನೋದನ್ನ ಪೇಷಂಟಿನ ತಲೆಗೆ ಬಿಟ್ಟಿದಾರೆ, ಅದೂ ಇಂಗ್ಲಿಷಲ್ಲಿ, ಅದು ನನ್ನ ತಕರಾರು.

ಯಾಕಂದ್ರೆ ಕಸದ ವಿಷಯ ಆ ಹಾಳೆಯಲ್ಲಿ ಒಂದೂವರೆ ಸಾಲು. ನಮ್ಮ ಬೀದಿ ಕಸ ಬೇರೆ ಮಾಡೋದು ಪೌರಕಾರ್ಮಿಕರು, ಎಷ್ಟೋ ಸಲ ಬರೀ ಕೈಯಲ್ಲಿ. ಮೂಗು ಸೀಟಿದ ಟಿಶ್ಯೂ ಕಮೋಡಿಗೆ ಹಾಕಿ ಫ್ಲಶ್ ಮಾಡಬಹುದು. ಅದೇ ಹೆಂಗಸರಿಗೆ ಪ್ಯಾಡ್ ಇದೆ, ವಯಸ್ಸಾದವರಿಗೆ ಡೈಪರ್ ಇದೆ, ಅದನ್ನ ಏನು ಮಾಡ್ಬೇಕು? ಫೋನಲ್ಲಿ ಕೇಳಿದ್ದಕ್ಕೆ ಉತ್ತರ ಸಲೀಸಾಗಿ ಬಂತು, ಗಟ್ಟಿ ಕವರಲ್ಲಿ ಕಟ್ಟಿ, ಡೇಟ್ ಬರೆದು, ಯಾರೂ ಓಡಾಡದ ಮೂಲೆಯಲ್ಲಿ ಎರಡು ಮೂರು ತಿಂಗಳು ಇಟ್ಟು ಆಮೇಲೆ ಕೆಂಪು ಡಬ್ಬಿಗೆ ಹಾಕಿ ಅಂತ. ಇಷ್ಟನ್ನ ಕನ್ನಡದಲ್ಲಿ ಎರಡು ಸಾಲು ಪ್ರಿಂಟ್ ಹಾಕೋಕೆ ಯಾವ ಮಂಡಳಿ ಒಪ್ಪಿಗೆ ಬೇಕು ಸ್ವಾಮಿ? ನಾನು ಬಾಲ್ಕನಿಯ ಹಳೇ ಪೇಂಟ್ ಡಬ್ಬಿಯಲ್ಲಿ ನನ್ನ ಮೊದಲ ವಾರದ ಕಸ ಹಾಕಿ, ಮುಚ್ಚಳದ ಮೇಲೆ ಮಾರ್ಕರಲ್ಲಿ ತಾರೀಕು ಬರೆದು ಇಟ್ಟೆ. ಹೆಂಡತಿ ವಾಪಸ್ ಬಂದು ನೋಡಿ ಉಪ್ಪಿನಕಾಯಿ ಅನ್ಕೊಂಡಿದ್ಲು.

ಬಿಲ್ ಬಗ್ಗೆ ಒಂದೇ ಮಾತು. ಆ ಪ್ಲಾಸ್ಟಿಕ್ ಹೊದಿಕೆ, ಗ್ಲೌಸು, ಪೇಪರ್ ತಟ್ಟೆ ಎಲ್ಲ ಕನ್ಸ್ಯೂಮಬಲ್ಸ್ ಅಂತ ಬರುತ್ತೆ, ಇನ್ಶೂರೆನ್ಸಿನವರು ಅದನ್ನ ಕೊಡಲ್ಲ. ಕಾನೂನು ಕಡ್ಡಾಯ ಮಾಡಿದ್ದನ್ನ ಇನ್ಶೂರೆನ್ಸ್ ಅನಗತ್ಯ ಅಂತ ಹೊಡೆದು ಹಾಕುತ್ತೆ. ಜಗಳ ಇನ್ನೂ ನಡೀತಿದೆ.

ಹೋಗೋರಿಗೆ ಹೇಳೋದು, ಹಳೇ ಚಪ್ಪಲಿ, ಹಳೇ ಬಟ್ಟೆ ಹಾಕ್ಕೊಂಡು ಹೋಗಿ, ಕನ್ನಡಕ ಒಂದು ಬಿಟ್ಟು ಬೇರೆ ಏನೂ ಪ್ರೀತಿಯ ಸಾಮಾನು ಬೇಡ. ಊಟದವರಿಗೆ ಇಂಟರ್‌ಕಾಮಲ್ಲಿ ಹಾಲು ಬೇಡ ಅಂತ ನೀವೇ ಮೂರು ಸಲ ಹೇಳಿ. ಆರ್‌ಎಸ್‌ಒ ಯಾರು ಅಂತ ಮೊದಲ ದಿನವೇ ಕೇಳಿ ನಂಬರ್ ಇಸ್ಕೊಳಿ, ಅಲ್ಲಿ ನಿಮಗೆ ನಿಜವಾಗಿ ಉತ್ತರ ಕೊಡೋದು ಅವರೊಬ್ರೇ. ಟ್ಯಾಂಕ್ ತೋರಿಸಿ ಅಂತ ಕೇಳಬೇಡಿ, ನಾನು ಕೇಳಿದೆ, ತೋರಿಸಲ್ಲ.

ಪುಸ್ತಕದ ಕತೆ ಉಳೀತು. ಬರುವಾಗ ಫೋನ್ ಕವರ್ ಬಿಚ್ಚಿ ಒರೆಸಿ ಮೀಟರ್ ಹಿಡಿದು ಕೊಟ್ರು, ಪುಸ್ತಕ ಕೊಡಲಿಲ್ಲ. ನಾನು ನಿಂಬೆಹಣ್ಣು ಚೀಪಿದ ಬೆರಳಲ್ಲಿ ಹಾಳೆ ತಿರುಗಿಸಿದ್ದೆ, ಮೀಟರ್ ಕಿರುಚ್ತು. ಏಪ್ರಿಲ್ ಕೊನೆಗೆ ಒಳಗೆ ಹೋಗಿದ್ದು, ಜುಲೈ ಮೂರನೇ ವಾರ ಫೋನ್ ಬಂತು, "ನಿಮ್ಮ ಪುಸ್ತಕ ಬ್ಯಾಕ್‌ಗ್ರೌಂಡಿಗೆ ಬಂದಿದೆ, ತಗೊಂಡು ಹೋಗಬಹುದು". ಹೋದೆ. ಕವರಲ್ಲಿ ಸ್ಟಿಕರ್ ಕಿತ್ತ ಗುರುತು, ಒಳಗೆ ನನ್ನ ಪುಸ್ತಕ, 94ನೇ ಪುಟದಲ್ಲಿ ನಾನು ಇಟ್ಟಿದ್ದ ಟಿಶ್ಯೂ ಹಂಗೇ ಇತ್ತು. ಮೇಡಂ ನನ್ನ ಮುಂದೇನೇ ಇನ್ನೊಂದ್ಸಲ ಮೀಟರ್ ಹಿಡಿದು, ಗೋಡೆಗೂ ಹಿಡಿದು, ಎರಡೂ ಒಂದೇ ಅಂತ ತೋರಿಸಿ, ರಿಜಿಸ್ಟರಲ್ಲಿ ಸೈನ್ ಹಾಕಿಸ್ಕೊಂಡ್ರು. ಹೊರಗೆ ಬರ್ತಾ ಆ ಅಕ್ಕ ಸಿಕ್ತಾರಾ ಅಂತ ನೋಡಿದೆ, ಬೇರೆ ಯಾರೋ ಇದ್ರು.